ಸೇವೆಯಿಂದ ತೆಗೆದ ಖಾಸಗಿ ಶಾಲಾ ಶಿಕ್ಷಕರು ಮೇಲ್ಮನವಿ ಸಲ್ಲಿಸುವ ಬಗೆ

ಕರ್ನಾಟಕದ ಖಾಸಗಿ ಶಾಲೆಯೊಂದರ ಶಿಕ್ಷಕರನ್ನು ಆಡಳಿತ ಮಂಡಳಿ ವಜಾ ಮಾಡಿದರೆ, ಸೇವೆಯಿಂದ ತೆಗೆದರೆ ಅಥವಾ ಹಿಂಬಡ್ತಿ ನೀಡಿದರೆ, ಕರ್ನಾಟಕ ಶಿಕ್ಷಣ ಅಧಿನಿಯಮ, 1983ರ 94ನೇ ಕಲಮಿನಡಿ ಶೈಕ್ಷಣಿಕ ಮೇಲ್ಮನವಿ ನ್ಯಾಯಾಧಿಕರಣಕ್ಕೆ ಹೋಗಬಹುದು. ಆದೇಶ ತಲುಪಿದ ದಿನದಿಂದ ಮೂರು ತಿಂಗಳೊಳಗೆ ಮೇಲ್ಮನವಿ ಸಲ್ಲಿಸಬೇಕಾದ್ದರಿಂದ, ಅಂಚೆಯ ಲಕೋಟೆಯನ್ನೂ ಜೋಪಾನವಾಗಿಡಿ.

ವಾದದ ತಿರುಳು ಸಾಮಾನ್ಯವಾಗಿ, ನೌಕರರನ್ನು ತೆಗೆಯುವ ಮೊದಲು ಅನುಸರಿಸಬೇಕಾದ ಕ್ರಮವನ್ನು ಹೇಳುವ ಇದೇ ಅಧಿನಿಯಮದ 92ನೇ ಕಲಮಿನಲ್ಲಿದೆ. ದೋಷಾರೋಪಣೆಯನ್ನು ಲಿಖಿತವಾಗಿ ತಿಳಿಸಿದ್ದರೇ, ವಿವರಣೆ ನೀಡಲು ಅವಕಾಶ ಕೊಟ್ಟಿದ್ದರೇ, ವಿಚಾರಣೆ ನಿಜವಾಗಿಯೂ ನಡೆದಿತ್ತೇ ಎಂಬುದನ್ನು ದಿನಾಂಕವಾರು ಬರೆದು, ನೇಮಕಾತಿ ಆದೇಶ, ಹಾಜರಿ ಪುಸ್ತಕದ ಪ್ರತಿ, ವೇತನ ಜಮೆಯಾದ ಬ್ಯಾಂಕ್ ದಾಖಲೆಗಳನ್ನು ಲಗತ್ತಿಸಿ. ಬಾಯಿಮಾತಿನಲ್ಲಿ "ನಾಳೆಯಿಂದ ಬರಬೇಡಿ" ಎಂದಿದ್ದರೆ, ಅದನ್ನು ಉಲ್ಲೇಖಿಸಿ ಆಡಳಿತ ಮಂಡಳಿಗೆ ಕೂಡಲೇ ನೋಂದಾಯಿತ ಅಂಚೆಯಲ್ಲಿ ಪತ್ರ ಬರೆಯಿರಿ. ರಾಜೀನಾಮೆ ಪತ್ರಕ್ಕೆ ಮಾತ್ರ ಒತ್ತಡಕ್ಕೆ ಮಣಿದು ಸಹಿ ಹಾಕಬೇಡಿ.

ಪುನರ್‌ನೇಮಕದ ಬೇಡಿಕೆಯ ಜೊತೆಗೇ ಹಿಂಬಾಕಿ ವೇತನವನ್ನೂ ಕೇಳಬೇಕು, ಈ ಅವಧಿಯಲ್ಲಿ ಬೇರೆಡೆ ದುಡಿದಿದ್ದರೆ ಅದನ್ನು ಮುಚ್ಚಿಡಬಾರದು.

ಸರ್ಕಾರಿ ಶಾಲೆಯ ಕಾಯಂ ಶಿಕ್ಷಕರ ದಾರಿ ಬೇರೆ: ಅವರು ರಾಜ್ಯ ಆಡಳಿತ ನ್ಯಾಯಮಂಡಳಿಗೆ ಅರ್ಜಿ ಹಾಕಬೇಕು. ಅತಿಥಿ ಶಿಕ್ಷಕರ ಸ್ಥಿತಿ ಇನ್ನೂ ಕಠಿಣ. ಎಷ್ಟೇ ವರ್ಷ ಪಾಠ ಮಾಡಿದ್ದರೂ ತಾತ್ಕಾಲಿಕ ಸೇವೆಯೊಂದೇ ಕಾಯಮಾತಿಯ ಹಕ್ಕನ್ನು ಕೊಡದು ಎಂದು ಸುಪ್ರೀಂ ಕೋರ್ಟ್ 2006ರ ಉಮಾದೇವಿ ಪ್ರಕರಣದಲ್ಲಿ ಹೇಳಿದೆ.