ಗುಂಟೆ ಲೆಕ್ಕದಿಂದ ಭಿನ್ನರಾಶಿ ಕೂಡಿಸುವ ಬಗೆ

ಜಗಳೂರು ಕಡೆಯ ರೈತರೊಬ್ಬರು ತಮ್ಮ ಒಂದು ಎಕರೆ ಹೊಲದ 3/8 ಭಾಗದಲ್ಲಿ ಮೆಕ್ಕೆಜೋಳವನ್ನೂ 2/5 ಭಾಗದಲ್ಲಿ ಶೇಂಗಾವನ್ನೂ ಬಿತ್ತಿದರೆ ಒಟ್ಟು ಎಷ್ಟು ಭಾಗ ಬಿತ್ತನೆಯಾಯಿತು ಎಂದು ಕೇಳಿದಾಗ, ಮಕ್ಕಳಲ್ಲಿ ಕೆಲವರಾದರೂ ಮೇಲಿನದಕ್ಕೆ ಮೇಲಿನದನ್ನು, ಕೆಳಗಿನದಕ್ಕೆ ಕೆಳಗಿನದನ್ನು ಕೂಡಿಸಿ 5/13 ಎಂದು ಬರೆಯುತ್ತಾರೆ. ಈ ಉತ್ತರವನ್ನು ಕೆಂಪು ಶಾಯಿಯಲ್ಲಿ ಹೊಡೆದುಹಾಕುವ ಮೊದಲು ಹೊಲದಲ್ಲಿಯೇ ಅಳೆದು ನೋಡುವುದು ಮೇಲು. ಎಕರೆಗೆ 40 ಗುಂಟೆ. ಶೇಂಗಾ ಬಿತ್ತಿದ 2/5 ಎಂದರೆ 16 ಗುಂಟೆ. 5/13 ಎಂದರೆ ಹದಿನೈದೂವರೆ ಗುಂಟೆಯೂ ತುಂಬುವುದಿಲ್ಲ. ಎರಡು ಬೆಳೆ ಸೇರಿದ ಜಾಗವು ಶೇಂಗಾ ಒಂದರ ಜಾಗಕ್ಕಿಂತ ಕಡಿಮೆಯಾಗುವುದುಂಟೇ ಎಂದು ಕೇಳಿದರೆ ಸಾಕು, ತಪ್ಪು ಎಲ್ಲೋ ಇದೆಯೆಂದು ಮಗುವೇ ಹೇಳುತ್ತದೆ.

ಕೆಳಗಿನ ಸಂಖ್ಯೆಯಾದ ಛೇದವು ಪಾಲಿನ ಅಳತೆಯನ್ನು ಹೇಳುತ್ತದೆ, ಮೇಲಿನದಾದ ಅಂಶವು ಅಂಥ ಪಾಲುಗಳು ಎಷ್ಟಿವೆ ಎಂಬುದನ್ನು ಹೇಳುತ್ತದೆ. ಎಕರೆಯ ಎಂಟರಲ್ಲೊಂದು ಪಾಲು 5 ಗುಂಟೆ, ಐದರಲ್ಲೊಂದು ಪಾಲು 8 ಗುಂಟೆ; ಅಳತೆ ಬೇರೆಯಾದ ಪಾಲುಗಳನ್ನು ಒಟ್ಟಿಗೆ ಎಣಿಸಲಾಗದು. ಎರಡನ್ನೂ ಗುಂಟೆಗೆ ಇಳಿಸಿದರೆ 15 ಮತ್ತು 16, ಕೂಡಿದರೆ 31, ಅಂದರೆ 31/40 ಎಕರೆ. ಪಹಣಿ ಹಿಡಿದು ಮನೆಯ ಹಿರಿಯರು ಮಾಡುವ ಲೆಕ್ಕ ಇದೇ. ಪಠ್ಯಪುಸ್ತಕದ ಲ.ಸಾ.ಅ. (ಲಘುತಮ ಸಾಮಾನ್ಯ ಅಪವರ್ತ್ಯ, ಅಂದರೆ ಎರಡೂ ಛೇದಗಳಿಂದ ನಿಶ್ಶೇಷವಾಗಿ ಭಾಗವಾಗುವ ಅತಿ ಚಿಕ್ಕ ಸಂಖ್ಯೆ) ಎಂಬುದೂ ಇದೇ ಕೆಲಸ ಮಾಡುತ್ತದೆ: 8 ಮತ್ತು 5ರ ಲ.ಸಾ.ಅ. 40, 3/8ರ ಅಂಶ, ಛೇದಗಳೆರಡನ್ನೂ 5ರಿಂದ ಗುಣಿಸಿದರೆ 15/40, 2/5ರದನ್ನು 8ರಿಂದ ಗುಣಿಸಿದರೆ 16/40. ಆಮೇಲೆ ಅಂಶಗಳನ್ನಷ್ಟೇ ಕೂಡಬೇಕು, ಛೇದ ಹಾಗೆಯೇ ಇರುತ್ತದೆ.

ಎಲ್ಲ ಲೆಕ್ಕಕ್ಕೂ ಗುಂಟೆ ಒದಗುವುದಿಲ್ಲ. ದಾವಣಗೆರೆಯ ಬೆಣ್ಣೆದೋಸೆ ಹೋಟೆಲೊಂದರಲ್ಲಿ ಬೆಳಗ್ಗೆ 3/4 ಕೆ.ಜಿ., ಸಂಜೆ 5/6 ಕೆ.ಜಿ. ಬೆಣ್ಣೆ ಖರ್ಚಾಯಿತು ಎಂದುಕೊಳ್ಳೋಣ. (ಇಷ್ಟೇ ಇಷ್ಟು ಬೆಣ್ಣೆಯೇ ಎಂದು ಹೋಟೆಲಿನವರು ನಕ್ಕಾರು, ಅದು ಬೇರೆ ಮಾತು.) ಇಲ್ಲಿ ದೊಡ್ಡ ಛೇದವಾದ 6ರ ಮಗ್ಗಿಯನ್ನು ಹೇಳುತ್ತ ಹೋಗಿ, 4ರಿಂದ ನಿಶ್ಶೇಷವಾಗಿ ಭಾಗವಾಗುವ ಮೊದಲ ಸಂಖ್ಯೆಯಲ್ಲಿ ನಿಲ್ಲಬೇಕು: ಆರು, ಹನ್ನೆರಡು. 9/12ಕ್ಕೆ 10/12 ಕೂಡಿದರೆ 19/12, ಅಂದರೆ 1 ಪೂರ್ಣ 7/12 ಕೆ.ಜಿ. ಛೇದಗಳನ್ನು ನೇರವಾಗಿ ಗುಣಿಸಿ 24 ಮಾಡಿಕೊಂಡರೂ ಉತ್ತರವೇನೂ ಕೆಡುವುದಿಲ್ಲ; ಆದರೆ ಬರುವ 38/24ನ್ನು ಮತ್ತೆ ಸಂಕ್ಷೇಪಿಸುವ ಕೆಲಸ ಉಳಿಯುತ್ತದೆ. ಪೆನ್ಸಿಲ್ ಹಿಡಿಯುವ ಮೊದಲೇ ಅಂದಾಜು ಮಾಡಿಸುವುದನ್ನು ಮಾತ್ರ ಬಿಡಬಾರದು: ಮುಕ್ಕಾಲಿಗೆ ಮುಕ್ಕಾಲು ಸೇರಿದರೆ ಒಂದೂವರೆ, 5/6 ಮುಕ್ಕಾಲಿಗಿಂತ ತುಸು ಹೆಚ್ಚು, ಆದ್ದರಿಂದ ಉತ್ತರ ಒಂದೂವರೆಯನ್ನು ಸ್ವಲ್ಪ ದಾಟಿರಬೇಕು.

ಮಕ್ಕಳು ಹೆಚ್ಚಾಗಿ ಎಡವುವುದು ಕೂಡುವುದರಲ್ಲಲ್ಲ, ಓದುವುದರಲ್ಲಿ ಎಂಬುದು ನನ್ನ ಅಭಿಪ್ರಾಯ. ಭಟ್ಟಿಯಿಂದ ತಂದ ಒಂದು ಚೀಲ ಮಂಡಕ್ಕಿಯಲ್ಲಿ ಬೆಳಗ್ಗೆ 1/2 ಭಾಗ ಮಾರಾಟವಾಯಿತು, ಸಂಜೆ ಉಳಿದುದರ 1/3 ಭಾಗ ಮಾರಾಟವಾಯಿತು ಎಂದಿದ್ದರೆ, 1/2ಕ್ಕೆ 1/3 ಕೂಡಿಸಿ 5/6 ಎನ್ನುವವರೇ ಹೆಚ್ಚು. ಮೊದಲನೆಯದು ಇಡೀ ಚೀಲದ ಪಾಲು, ಎರಡನೆಯದು ಅರ್ಧ ಚೀಲದ ಪಾಲು. ಅರ್ಧವನ್ನು ಮೂರು ಪಾಲು ಮಾಡಿದರೆ ಒಂದೊಂದು ಪಾಲು ಇಡೀ ಚೀಲದ 1/6 ಆಗುತ್ತದೆ. ಆದ್ದರಿಂದ ಮಾರಾಟವಾದದ್ದು 3/6 ಮತ್ತು 1/6 ಸೇರಿ 4/6, ಎಂದರೆ 2/3 ಚೀಲ. ಲೆಕ್ಕದಲ್ಲಿ ‘ಉಳಿದುದರ’ ಎಂಬ ಪದ ಕಂಡೊಡನೆ ಅದರ ಕೆಳಗೆ ಗೆರೆ ಎಳೆಸಿ, ‘ಇದು ಯಾವುದರ ಭಾಗ?’ ಎಂದು ಮಗುವಿನಿಂದ ಬಾಯಿಬಿಟ್ಟು ಹೇಳಿಸಿದ ಮೇಲೆಯೇ ಲ.ಸಾ.ಅ. ಹುಡುಕಲು ಬಿಡಬೇಕು.