ಪ್ರಾಗ್‌ನ ಯಹೂದಿ ಕೇರಿ ನೋಡೋದು ಹೇಗೆ: ಎಲ್ಲಿಂದ ಶುರು ಮಾಡ್ಬೇಕು, ಎಲ್ಲಿ ಹೆಚ್ಚು ಹೊತ್ತು ನಿಲ್ಬೇಕು

ಜರ್ಮನಿ, ನೆದರ್ಲೆಂಡ್ಸ್ ಕಡೆ ಕೆಲಸಕ್ಕಿರೋ ನಮ್ಮವರು ಲಾಂಗ್ ವೀಕೆಂಡ್ ಸಿಕ್ಕಿದ್ರೆ ಪ್ರಾಗ್‌ಗೆ ಹೋಗ್ತಾರೆ, ಊರಿಂದ ಅಪ್ಪ ಅಮ್ಮ ಬಂದಿದ್ರೆ ಅವರನ್ನೂ ಕರ್ಕೊಂಡು ಹೋಗ್ತಾರೆ, ಚಾರ್ಲ್ಸ್ ಬ್ರಿಡ್ಜ್, ದೊಡ್ಡ ಗಡಿಯಾರ, ಕೋಟೆ ಎಲ್ಲ ನೋಡಿ ವಾಪಸ್ ಬರ್ತಾರೆ. ಹಳೇ ಪೇಟೆ ಚೌಕದಿಂದ ಐದು ನಿಮಿಷ ನಡೆದ್ರೆ ಸಿಗೋ ಯೋಸೆಫೋವ್, ಅಂದ್ರೆ ಹಳೇ ಯಹೂದಿ ಕೇರಿ, ಟೈಮ್ ಉಳಿದ್ರೆ ನೋಡೋಣ ಅನ್ನೋ ಲಿಸ್ಟ್‌ಗೆ ಹೋಗ್ಬಿಡುತ್ತೆ. ಹೋಗೋರೂ ಸ್ತಾರೊಮೇಸ್ಟ್‌ಸ್ಕಾ ಮೆಟ್ರೋದಲ್ಲಿ ಇಳಿದು ಹತ್ರ ಇದೆ ಅಂತ ಮೊದಲು ಪಿಂಕಾಸ್ ಸಿನಗಾಗ್‌ಗೆ (ಸಿನಗಾಗ್ ಅಂದ್ರೆ ಯಹೂದಿಗಳ ಪ್ರಾರ್ಥನಾ ಮಂದಿರ) ನುಗ್ತಾರೆ. ಅಲ್ಲಿ ಗೋಡೆ ತುಂಬ ಇರೋದು ನಾಜಿಗಳ ಕೈಯಲ್ಲಿ ಸತ್ತವರ ಹೆಸರು. ಆ ಜನ ಯಾರು, ಏನು ತಿಂದು ಏನು ಓದಿ ಹೇಗೆ ಬದುಕಿದ್ರು ಅಂತ ಒಂಚೂರೂ ಗೊತ್ತಾಗೋ ಮೊದಲೇ ಅವರ ಸಾವಿನ ಮುಂದೆ ಹೋಗಿ ನಿಂತ್ಕೊಂಡ್ರೆ ಮನಸ್ಸು ಭಾರ ಆಗುತ್ತೆ ನಿಜ, ಆದ್ರೆ ಯಾರಿಗೋಸ್ಕರ ಭಾರ ಆಯ್ತು ಅಂತ ತಿಳಿಯೋದಿಲ್ಲ. ಅದಕ್ಕೆ ಈ ಲೇಖನದಲ್ಲಿ ಹೇಳೋ ದಾರಿ ಬೇರೆ: ಮೊದಲು ಅವರ ಬದುಕು ನೋಡಿ, ಪಿಂಕಾಸ್ ಆಮೇಲೆ.

ದಿನ ಮತ್ತು ಟಿಕೆಟ್

ಶನಿವಾರ ಹೋಗಲೇಬೇಡಿ. ಅವತ್ತು ಶಬ್ಬತ್, ಯಹೂದಿಗಳ ವಿಶ್ರಾಂತಿ ದಿನ, ಮ್ಯೂಸಿಯಂ, ಸಿನಗಾಗ್, ಸ್ಮಶಾನ ಎಲ್ಲ ಬಂದ್. ಶುಕ್ರವಾರ ಸಂಜೆಯೇ ಶಬ್ಬತ್ ಶುರು ಆಗೋದ್ರಿಂದ ಪೂಜೆ ನಡೆಯೋ ಓಲ್ಡ್-ನ್ಯೂ ಸಿನಗಾಗ್ ಅವತ್ತು ಬೇಗ ಬಾಗಿಲು ಹಾಕುತ್ತೆ. ಯಹೂದಿ ಹಬ್ಬದ ದಿನಗಳಲ್ಲೂ ರಜಾ ಇರುತ್ತೆ, ಸೆಪ್ಟೆಂಬರ್-ಅಕ್ಟೋಬರ್‌ನಲ್ಲಿ ಹಬ್ಬಗಳು ಸಾಲಾಗಿ ಬರ್ತವೆ, ದಸರಾ ರಜೆಗೆ ಪ್ಲಾನ್ ಮಾಡೋರು ಮ್ಯೂಸಿಯಂ ವೆಬ್‌ಸೈಟ್‌ನಲ್ಲಿ ಕ್ಯಾಲೆಂಡರ್ ನೋಡ್ಕೊಂಡೇ ಟ್ರೈನ್ ಬುಕ್ ಮಾಡಿ. ರಿಪೇರಿಗೆ ಅಂತ ಒಂದೊಂದು ಕಟ್ಟಡ ತಿಂಗಳುಗಟ್ಟಲೆ ಮುಚ್ಚಿರೋದೂ ಉಂಟು, ಅದೂ ಅಲ್ಲೇ ಹಾಕಿರ್ತಾರೆ.

ಟಿಕೆಟ್ ವಿಷಯ ಸ್ವಲ್ಪ ಗಮನ ಕೊಟ್ಟು ಓದಿ. ಮೈಸೆಲ್, ಸ್ಪ್ಯಾನಿಷ್, ಪಿಂಕಾಸ್, ಕ್ಲಾವ್ಸ್ ಸಿನಗಾಗ್‌ಗಳು, ಹಳೇ ಸ್ಮಶಾನ, ಅಂತ್ಯಕ್ರಿಯೆ ಮಂದಿರ ಇವೆಲ್ಲ ಯಹೂದಿ ಮ್ಯೂಸಿಯಂ ಕೈಯಲ್ಲಿವೆ. ಓಲ್ಡ್-ನ್ಯೂ ಸಿನಗಾಗ್ ಮಾತ್ರ ಅಲ್ಲಿನ ಯಹೂದಿ ಸಮುದಾಯದ್ದು, ಮ್ಯೂಸಿಯಂದಲ್ಲ. ಹಾಗಾಗಿ ಅದೂ ಸೇರಿರೋ ಕಂಬೈನ್ಡ್ ಟಿಕೆಟ್ ಬೇಕು ಅಂತ ಬಾಯ್ಬಿಟ್ಟು ಕೇಳಿ ತಗೊಳ್ಳಿ.

ಗೈಡ್ ಬೇಕಾ? ಬೇಕು, ಮೊದಲನೇ ಸಲ ಹೋಗೋರಿಗಂತೂ ಬೇಕೇ ಬೇಕು. ಆದ್ರೆ ಟಿಪ್ಸ್ ಮೇಲೆ ನಡೆಯೋ "ಫ್ರೀ ಟೂರ್"ಗಳಲ್ಲಿ ಹೆಚ್ಚಿನವು ಬೀದೀಲೇ ನಿಲ್ಲಿಸಿ ಕಥೆ ಹೇಳ್ತವೆ, ಒಳಗೆ ಕರ್ಕೊಂಡು ಹೋಗಲ್ಲ, ಈ ಕೇರಿಯಲ್ಲಿ ನೋಡೋದೆಲ್ಲ ಇರೋದೇ ಒಳಗೆ. ಬುಕ್ ಮಾಡೋ ಮೊದಲು ಎರಡು ಪ್ರಶ್ನೆ ಕೇಳಿ: ಪ್ರವೇಶ ಟಿಕೆಟ್ ಸೇರಿದ್ಯಾ, ಪಿಂಕಾಸ್ ಒಳಗೆ ಎಷ್ಟು ಹೊತ್ತು ಬಿಡ್ತೀರಾ. ಎರಡನೇದಕ್ಕೆ ಹತ್ತು ನಿಮಿಷ ಅಂದ್ರೆ ಬೇರೆ ಗೈಡ್ ನೋಡಿ.

ಡ್ರೆಸ್ಸು ಮತ್ತೆ ನಡವಳಿಕೆ ಬಗ್ಗೆ ಒಂದು ಮಾತು. ನಮ್ಮ ದೇವಸ್ಥಾನದ ಹಾಗೆ ಚಪ್ಪಲಿ ಬಿಡೋ ಹಾಗಿಲ್ಲ, ಶೂ ಹಾಕ್ಕೊಂಡೇ ಹೋಗೋದು, ಆದ್ರೆ ಗಂಡಸರು ತಲೆ ಮುಚ್ಕೊಳ್ಬೇಕು. ಕ್ಯಾಪ್ ಆದ್ರೂ ನಡೆಯುತ್ತೆ. ಭುಜ, ಮಂಡಿ ಮುಚ್ಚೋ ಬಟ್ಟೆ ಹಾಕ್ಕೊಂಡ್ರೆ ಎಲ್ಲೂ ತೊಂದರೆ ಇಲ್ಲ.

ಒಂದು: ಮೈಸೆಲ್ ಬೀದಿ

ಹಳೇ ಪೇಟೆ ಚೌಕದ ಸೇಂಟ್ ನಿಕೊಲಸ್ ಚರ್ಚ್ ಪಕ್ಕದಿಂದ ಶುರು ಮಾಡಿ. ಅಲ್ಲೇ ಮೂಲೆಯಲ್ಲಿ ಲೇಖಕ ಫ್ರಾಂಜ್ ಕಾಫ್ಕಾ 1883ರಲ್ಲಿ ಹುಟ್ಟಿದ ಜಾಗ ಇದೆ, ಈಗಿರೋದು ಆಮೇಲೆ ಕಟ್ಟಿದ ಮನೆ. ಅಲ್ಲಿಂದ ಮೈಸೆಲೊವಾ ಬೀದಿಯಲ್ಲಿ ಉತ್ತರಕ್ಕೆ ನೇರ ನಡೀರಿ.

ಸುತ್ತ ನೋಡಿದ್ರೆ ಎತ್ತರದ ಚಂದದ ಬಿಲ್ಡಿಂಗ್‌ಗಳು, ದುಬಾರಿ ಅಂಗಡಿಗಳು, ಇದ್ಯಾವ ಸೀಮೆ ಹಳೇ ಕೇರಿ ಅನ್ಸುತ್ತೆ. ಕಾರಣ ಇದೆ. ಶತಮಾನಗಳ ಕಾಲ ಯಹೂದಿಗಳು ಇಲ್ಲೇ, ಈ ಇಕ್ಕಟ್ಟಿನಲ್ಲೇ ಇರ್ಬೇಕು ಅಂತ ಕಾನೂನಿತ್ತು. 1744ರ ಕೊನೆಗೆ ಆಗಿನ ರಾಣಿ ಮರಿಯಾ ತೆರೇಸಾ ಇವರನ್ನ ಪ್ರಾಗ್‌ನಿಂದಲೇ ಓಡಿಸಿದ್ಲು, 1748ರಲ್ಲಿ ವಾಪಸ್ ಬರೋಕೆ ಬಿಟ್ರು. ಅವಳ ಮಗ ಎರಡನೇ ಜೋಸೆಫ್ 1780ರ ದಶಕದಲ್ಲಿ ನಿರ್ಬಂಧ ಸಡಿಲ ಮಾಡಿದ, ಅವನ ಹೆಸರೇ 1850ರಲ್ಲಿ ಕೇರಿಗೆ ಯೋಸೆಫೋವ್ ಅಂತ ಬಂತು. ಆಮೇಲೆ ಅನುಕೂಲಸ್ಥರು ಬೇರೆ ಕಡೆ ಹೋದ್ರು, ಬಡವರು ಉಳ್ಕೊಂಡ್ರು, 1893ರ ನಂತರ ನಗರಸಭೆ ಕೊಳಚೆ ನಿರ್ಮೂಲನೆ ಅಂತ ಹೇಳಿ ಹೆಚ್ಚುಕಮ್ಮಿ ಇಡೀ ಕೇರಿನೇ ಒಡೆದು ಹಾಕ್ತು. ಉಳಿದಿದ್ದು ಆರು ಸಿನಗಾಗ್, ಒಂದು ಟೌನ್‌ಹಾಲ್, ಒಂದು ಸ್ಮಶಾನ. ನೀವು ಇವತ್ತು ನಡೆಯೋದು ಆ ಉಳಿದ ಚುಕ್ಕಿಗಳ ನಡುವೆ.

ಮೊದಲ ಚುಕ್ಕಿ ಮೈಸೆಲ್ ಸಿನಗಾಗ್. ಮೊರ್ದೆಖಾಯ್ ಮೈಸೆಲ್ 16ನೇ ಶತಮಾನದ ದೊಡ್ಡ ಸಾಹುಕಾರ, ಚಕ್ರವರ್ತಿ ಎರಡನೇ ರುಡಾಲ್ಫ್‌ಗೇ ಸಾಲ ಕೊಟ್ಟವನು, ಕೇರಿಯ ಬೀದಿಗೆ ಕಲ್ಲು ಹಾಸಿಸಿದವನು, ಟೌನ್‌ಹಾಲ್ ಕಟ್ಟಿಸಿದವನು. 1601ರಲ್ಲಿ ಅವನು ತೀರ್ಕೊಂಡಾಗ ಆಸ್ಥಾನದವರು ಅವನ ಆಸ್ತಿಯನ್ನೇ ಮುಟ್ಟುಗೋಲು ಹಾಕ್ಕೊಂಡ್ರು. ಅವನು ಕಟ್ಟಿಸಿದ ಸಿನಗಾಗ್ 1689ರ ಬೆಂಕಿಯಲ್ಲಿ ಹೋಯ್ತು, ಈಗಿರೋ ರೂಪ ಸುಮಾರು ನೂರಿಪ್ಪತ್ತು ವರ್ಷದ್ದು. ಒಳಗೆ ಇರೋ ಪ್ರದರ್ಶನ ನೋಡಿದ್ರೆ ಈ ನಾಡಿನ ಯಹೂದಿಗಳ ಹಳೇ ಇತಿಹಾಸ ತಲೆಗೆ ಹತ್ತುತ್ತೆ, ಅರ್ಧ ಗಂಟೆ ಸಾಕು.

ಎರಡು: ಓಲ್ಡ್-ನ್ಯೂ ಸಿನಗಾಗ್

ಶಿರೋಕಾ ಬೀದಿ ದಾಟಿ ಮುಂದೆ ಹೋದ್ರೆ ಬಲಗಡೆ ಟೌನ್‌ಹಾಲ್. ತಲೆ ಎತ್ತಿ ನೋಡಿ, ಎರಡು ಗಡಿಯಾರ ಇದೆ. ಮೇಲಿನ ಗೋಪುರದ್ದು ಮಾಮೂಲಿ ರೋಮನ್ ಅಂಕಿಯದು. ಕೆಳಗಿನದರಲ್ಲಿ ಅಂಕಿಗಳ ಜಾಗದಲ್ಲಿ ಹೀಬ್ರೂ ಅಕ್ಷರ, ಹೀಬ್ರೂ ಬಲದಿಂದ ಎಡಕ್ಕೆ ಓದೋದಲ್ವಾ, ಮುಳ್ಳೂ ಹಂಗೇ ಉಲ್ಟಾ ತಿರುಗುತ್ತೆ. ಮಕ್ಕಳಿದ್ರೆ ಅವರಿಂದಲೇ ಟೈಮ್ ಓದಿಸಿ, ಇಷ್ಟ ಪಡ್ತಾರೆ.

ಪಕ್ಕದ್ದೇ ಓಲ್ಡ್-ನ್ಯೂ. 1270ರ ಸುಮಾರಿಗೆ ಕಟ್ಟಿದ್ದು, ಯುರೋಪಿನಲ್ಲಿ ಇವತ್ತಿಗೂ ಪ್ರಾರ್ಥನೆ ನಡೀತಿರೋ ಅತಿ ಹಳೇ ಸಿನಗಾಗ್. ಅಂದ್ರೆ ನಮ್ಮಲ್ಲಿ ಸೋಮನಾಥಪುರದ ಕೇಶವ ದೇವಾಲಯ ಎದ್ದ ಕಾಲಕ್ಕೇ ಇಲ್ಲೂ ಕಲ್ಲಿನ ಕೆಲಸ ನಡೀತಿತ್ತು. ಒಳಗೆ ಹೋಗ್ಬೇಕಾದ್ರೆ ಮೆಟ್ಟಿಲು ಇಳೀಬೇಕು, ಏಳು ಶತಮಾನದಲ್ಲಿ ಸುತ್ತಲ ರಸ್ತೆ ಅಷ್ಟು ಏರಿದೆ. ನಡುವೆ ಎಂಟು ಮೂಲೆಯ ಎರಡು ಕಂಬ, ಮೇಲೆ ಕಮಾನಿಗೆ ಐದೈದು ಕಲ್ಲಿನ ಪಟ್ಟಿ. ನಾಲ್ಕು ಹಾಕಿದ್ರೆ ಶಿಲುಬೆ ಆಕಾರ ಬರುತ್ತೆ ಅಂತ ಐದು ಹಾಕಿದ್ರು ಅಂತ ಗೈಡ್‌ಗಳು ಹೇಳ್ತಾರೆ. ಮೇಲೆ ತೂಗಾಡೋ ಕೆಂಪು ಬಾವುಟ ನೋಡಿ, ಸ್ವಂತ ಬಾವುಟ ಹಾರಿಸೋ ಹಕ್ಕು ಪ್ರಾಗ್ ಯಹೂದಿಗಳಿಗೆ ಚಕ್ರವರ್ತಿ ನಾಲ್ಕನೇ ಚಾರ್ಲ್ಸ್ ಕಾಲದಲ್ಲೇ ಸಿಕ್ಕಿತ್ತು. ಗೋಡೆಯಲ್ಲಿ ಉದ್ದಕ್ಕೆ ಸಣ್ಣ ಕಿಂಡಿಗಳಿವೆ. ಹೆಂಗಸರು ಗೋಡೆಯ ಆಚೆ ಕೂತು ಆ ಕಿಂಡಿಯಿಂದಲೇ ಪ್ರಾರ್ಥನೆ ಕೇಳಿಸ್ಕೊಳ್ಳೋದು. ಒಂದು ಕಿಂಡಿ ಹತ್ರ ನಿಂತು ಆ ಕಡೆ ಕಣ್ಣು ಹಾಯಿಸಿ, ಗೋಡೆ ಎಷ್ಟು ದಪ್ಪ ಅಂತ ಆಗ ಗೊತ್ತಾಗುತ್ತೆ.

ಇಲ್ಲಿನ ದೊಡ್ಡ ಹೆಸರು ರಬ್ಬಿ (ಯಹೂದಿ ಧರ್ಮಗುರು) ಲೋವ್, 1609ರಲ್ಲಿ ತೀರ್ಕೊಂಡ ಮಹಾ ಪಂಡಿತ. ಅವರು ಮಣ್ಣಿನಿಂದ ಗೊಲೆಮ್ ಅನ್ನೋ ದೈತ್ಯನ್ನ ಮಾಡಿ ಜೀವ ತುಂಬಿ ಕೇರಿ ಕಾಯಿಸಿದ್ರು, ಅವನ ದೇಹ ಈಗಲೂ ಇದೇ ಸಿನಗಾಗ್‌ನ ಅಟ್ಟದಲ್ಲಿದೆ ಅನ್ನೋ ಕಥೆ ಊರೆಲ್ಲ ಮಾರಾಟ ಆಗುತ್ತೆ, ಗೊಂಬೆ, ಮ್ಯಾಗ್ನೆಟ್ ಎಲ್ಲ ಇದೆ. ಹೊರಗೆ ಪಾರಿಷ್‌ಸ್ಕಾ ರಸ್ತೆ ಕಡೆ ಹೋಗಿ ನೋಡಿದ್ರೆ ಅಟ್ಟದ ಬಾಗಿಲಿಗೆ ಹತ್ತೋ ಕಬ್ಬಿಣದ ಮೆಟ್ಟಿಲು ಗೋಡೆಯ ಅರ್ಧದಿಂದ ಶುರು ಆಗೋದು ಕಾಣುತ್ತೆ. ಕಥೆ ಕೇಳಿ, ಖುಷಿ ಪಡಿ. ಆದ್ರೆ ರಬ್ಬಿಯನ್ನ ಹತ್ರದಿಂದ ಬಲ್ಲ ಇತಿಹಾಸಕಾರ ದಾವಿದ್ ಗಾನ್ಸ್, 1592ರಲ್ಲಿ ರಬ್ಬಿಗೂ ಚಕ್ರವರ್ತಿಗೂ ಆದ ಭೇಟಿ ಬಗ್ಗೆ ಬರೆದವನು, ಗೊಲೆಮ್ ಬಗ್ಗೆ ಒಂದಕ್ಷರ ಬರೆದಿಲ್ಲ. ಕಥೆ ಪುಸ್ತಕಕ್ಕೆ ಬಂದಿದ್ದು ಎರಡು ಶತಮಾನ ಕಳೆದ ಮೇಲೆ. ಲೋವ್ ದೊಡ್ಡವರಾಗಿದ್ದು ಅವರ ಓದಿನಿಂದ, ಪಾಠದಿಂದ. ಗೈಡ್ ಗೊಲೆಮ್ ಮೇಲೇ ಅರ್ಧ ಗಂಟೆ ಕಳೆದ್ರೆ ನಿಧಾನಕ್ಕೆ ವಿಷಯ ಬದಲಾಯಿಸಿ, 1389ರ ಈಸ್ಟರ್ ಸಮಯದಲ್ಲಿ ಈ ಕೇರಿ ಮೇಲೆ ನಡೆದ ಕೊಲೆ ಸುಲಿಗೆ ಬಗ್ಗೆ ಕೇಳಿ. ಅದರ ನೆನಪಲ್ಲಿ ಅವಿಗ್ಡೋರ್ ಕಾರಾ ಬರೆದ ಶೋಕಗೀತೆ ಯೋಮ್ ಕಿಪ್ಪುರ್ ಅನ್ನೋ ಪ್ರಾಯಶ್ಚಿತ್ತದ ದಿನ ಈಗಲೂ ಇಲ್ಲಿ ಓದ್ತಾರೆ.

ಮೂರು: ಸ್ಪ್ಯಾನಿಷ್ ಸಿನಗಾಗ್

ಪಾರಿಷ್‌ಸ್ಕಾ ದಾಟಿ ಪೂರ್ವಕ್ಕೆ ಸ್ವಲ್ಪ ನಡೀರಿ. 1868ರದ್ದು. ಸ್ಪೇನ್‌ನವರು ಕಟ್ಟಿದ್ದಲ್ಲ, ಅಲ್ಲಿನ ಅಲ್‌ಹಾಂಬ್ರಾ ಅರಮನೆ ಥರ ಒಳಗೆಲ್ಲ ಚಿನ್ನದ ಬಣ್ಣ, ಹಸಿರು ಕೆಂಪಿನ ಬಳ್ಳಿ ಕುಸುರಿ, ಅದಕ್ಕೆ ಆ ಹೆಸರು. ಓಲ್ಡ್-ನ್ಯೂನ ಬರೀ ಕಲ್ಲು ನೋಡಿ ಬಂದ ತಕ್ಷಣ ಇದು ನೋಡ್ಬೇಕು, ಹಕ್ಕು ಸಿಕ್ಕ ಮೇಲೆ ಈ ಜನರಿಗೆ ಎಷ್ಟು ಧೈರ್ಯ, ಎಷ್ಟು ಆಸೆ ಬಂದಿತ್ತು ಅಂತ ಗೋಡೆನೇ ಹೇಳುತ್ತೆ. ಇದೇ ಜಾಗದಲ್ಲಿ ಮುಂಚೆ ಇದ್ದ ಹಳೇ ಸಿನಗಾಗ್‌ನಲ್ಲಿ ಆರ್ಗನ್ ನುಡಿಸ್ತಿದ್ದವರು ಫ್ರಾಂಟಿಶೆಕ್ ಶ್ಕ್ರೌಪ್, ಇವತ್ತಿನ ಚೆಕ್ ರಾಷ್ಟ್ರಗೀತೆಗೆ ಸಂಗೀತ ಕೊಟ್ಟವರು. ಹೊರಗೆ ಕಾಫ್ಕಾ ಪ್ರತಿಮೆ ಇದೆ, ತಲೆಯಿಲ್ಲದ ಖಾಲಿ ಕೋಟಿನ ಹೆಗಲ ಮೇಲೆ ಕೂತಿರೋದು. ಊಟದ ಬ್ರೇಕ್ ಇಲ್ಲೇ ತಗೊಳ್ಳಿ, ಮುಂದಿನದಕ್ಕೆ ಹಸಿದ ಹೊಟ್ಟೆ, ದಣಿದ ಕಾಲು ಬೇಡ.

ನಾಲ್ಕು: ಪಿಂಕಾಸ್

ಶಿರೋಕಾ ಬೀದಿಯಲ್ಲಿ ವಾಪಸ್ ಪಶ್ಚಿಮಕ್ಕೆ ಬನ್ನಿ. ಪಿಂಕಾಸ್ 1535ರಲ್ಲಿ ಹೊರೊವಿಟ್ಜ್ ಮನೆತನದವರು ಕಟ್ಟಿಸಿದ್ದು. ಒಳಗೆ ಗೋಡೆಗಳ ಮೇಲೆ ಬೊಹೀಮಿಯಾ, ಮೊರಾವಿಯಾ ಪ್ರಾಂತ್ಯಗಳಿಂದ ನಾಜಿಗಳು ಹಿಡಿದುಕೊಂಡು ಹೋಗಿ ಕೊಂದ ಸುಮಾರು 78,000 ಯಹೂದಿಗಳ ಹೆಸರು ಕೈಯಲ್ಲಿ ಬರೆದಿದೆ.

ಸುಮ್ನೆ ಗೋಡೆ ನೋಡಿ ಮುಂದೆ ಹೋಗ್ಬೇಡಿ. ಒಂದು ಊರಿನ ಹೆಸರು ಹಿಡೀರಿ, ಅದರ ಕೆಳಗೆ ಒಂದು ಮನೆತನ ಹುಡುಕಿ. ಮನೆತನದ ಹೆಸರಿನ ಮುಂದೆ ಒಬ್ಬೊಬ್ಬರ ಹೆಸರು, ಹುಟ್ಟಿದ ತಾರೀಕು, ಬದುಕಿದ್ರು ಅಂತ ಗೊತ್ತಿರೋ ಕೊನೇ ತಾರೀಕು, ಅದು ಎಷ್ಟೋ ಸಲ ಅವರನ್ನ ಸಾವಿನ ಕಡೆಗೆ ಹೊತ್ತೊಯ್ದ ರೈಲು ಹೊರಟ ದಿನವೇ. ಹುಟ್ಟಿದ ವರ್ಷಗಳನ್ನ ಓದ್ತಾ ಹೋದ್ರೆ ಒಂದೇ ಸಾಲಿನಲ್ಲಿ ಅಜ್ಜಿ, ಅಮ್ಮ, ಮಗು ಸಿಕ್ಕಿಬಿಡ್ತಾರೆ. ಬೆಳಿಗ್ಗೆಯಿಂದ ನೋಡಿದ್ದು ಇಲ್ಲಿ ಕೆಲಸಕ್ಕೆ ಬರುತ್ತೆ, ಇವರು ಆ ಕಿಂಡಿ ಹಿಂದೆ ಕೂತವರ, ಆ ಚಿನ್ನದ ಬಣ್ಣದ ಸಿನಗಾಗ್ ಕಟ್ಟಿದವರ ಮಕ್ಕಳು ಮೊಮ್ಮಕ್ಕಳು.

ಈ ಹೆಸರುಗಳಿಗೂ ಎರಡು ಸಲ ಬರೆಸ್ಕೊಳ್ಳೋ ಪಾಡು ಬಂತು. 1954ರಿಂದ ಯಿರ್ಜಿ ಜಾನ್, ವಾತ್ಸ್ಲಾವ್ ಬೊಷ್ಟಿಕ್ ಅನ್ನೋ ಇಬ್ಬರು ಕಲಾವಿದರು ವರ್ಷಗಟ್ಟಲೆ ಕೂತು ಬರೆದ್ರು. 1968ರಲ್ಲಿ ನೆಲದ ನೀರು ಗೋಡೆಗೆ ಏರ್ತಿದೆ ಅಂತ ಮುಚ್ಚಿದ್ದು, ಕಮ್ಯುನಿಸ್ಟ್ ಆಡಳಿತ ಬಿದ್ದು ಹೋಗೋವರೆಗೂ ತೆರೀಲೇ ಇಲ್ಲ, ಅಷ್ಟರಲ್ಲಿ ಬರಹ ಹಾಳಾಗಿತ್ತು. 1990ರ ದಶಕದಲ್ಲಿ ಮತ್ತೆ ಮೊದಲಿಂದ ಬರೆದ್ರು.

ಮೇಲಿನ ಮಹಡಿಗೂ ಹೋಗಿ, ತುಂಬಾ ಜನ ಮೆಟ್ಟಿಲು ಹತ್ತದೇ ಹೊರಟುಬಿಡ್ತಾರೆ. ನಾಜಿಗಳು ಯಹೂದಿಗಳನ್ನ ಕೂಡಿಹಾಕಿದ್ದ ತೆರೆಜಿನ್ ಘೆಟ್ಟೋದಲ್ಲಿದ್ದ ಮಕ್ಕಳು ಬಿಡಿಸಿದ ಚಿತ್ರಗಳು ಅಲ್ಲಿವೆ. ಫ್ರೀಡ್ಲ್ ಡಿಕರ್-ಬ್ರಾಂಡೈಸ್ ಅನ್ನೋ ಕಲಾವಿದೆ ತಾನೂ ಬಂದಿಯಾಗಿದ್ದುಕೊಂಡೇ ಆ ಮಕ್ಕಳಿಗೆ ಕಲಿಸಿದ್ರು. 1944ರ ಅಕ್ಟೋಬರ್‌ನಲ್ಲಿ ಅವರನ್ನ ಆಶ್‌ವಿಟ್ಜ್ ಅನ್ನೋ ಸಾವಿನ ಶಿಬಿರಕ್ಕೆ ಕಳಿಸಿ ಕೊಂದ್ರು. ಹೋಗೋ ಮುಂಚೆ ಸುಮಾರು 4,500 ಚಿತ್ರಗಳನ್ನ ಸೂಟ್‌ಕೇಸ್‌ಗಳಲ್ಲಿ ತುಂಬಿ ಬಚ್ಚಿಟ್ಟಿದ್ರು, ಅದಕ್ಕೇ ಅವು ಉಳಿದಿವೆ. ಮನೆ, ಹೂವು, ಚಿಟ್ಟೆ, ಮೂರು ಹಂತದ ಮಂಚ. ಚಿತ್ರದ ಕೆಳಗೆ ಮಗುವಿನ ಹೆಸರು, ತಾರೀಕು ಓದದೇ ಮುಂದೆ ಹೋಗ್ಬೇಡಿ. ಸಣ್ಣ ಮಕ್ಕಳನ್ನ ಕರ್ಕೊಂಡು ಹೋಗ್ತಿದ್ರೆ ಏನು ಹೇಳ್ಬೇಕು ಅಂತ ಮೊದಲೇ ಯೋಚಿಸ್ಕೊಳ್ಳಿ, ಪ್ರಶ್ನೆ ಬಂದೇ ಬರುತ್ತೆ.

ಐದು: ಹಳೇ ಸ್ಮಶಾನ

ದಾರಿ ಪಿಂಕಾಸ್ ಒಳಗಿಂದಲೇ. ಇಲ್ಲಿನ ಅತಿ ಹಳೇ ಸಮಾಧಿ ಕಲ್ಲು 1439ರದ್ದು, ಆಗಲೇ ಹೇಳಿದ ಕವಿ ಅವಿಗ್ಡೋರ್ ಕಾರಾ ಅವರದು. ಕೊನೇ ಹೂಳಿದ್ದು 1787ರಲ್ಲಿ. ಜಾಗ ಹೆಚ್ಚು ಕೊಡಲ್ಲ ಅಂತ ಊರವರು, ಹಳೇ ಸಮಾಧಿ ತೆಗೆಯೋ ಹಾಗಿಲ್ಲ ಅಂತ ಧರ್ಮ, ಹಾಗಾಗಿ ಮೇಲೆ ಮೇಲೆ ಮಣ್ಣು ಹಾಕಿ ಪದರ ಪದರವಾಗಿ ಹೂಳ್ತಾ ಬಂದ್ರು, ಕೆಳಗಿನವರ ಕಲ್ಲನ್ನೂ ಮೇಲಕ್ಕೆ ತಂದು ನಿಲ್ಲಿಸಿದ್ರು. ಅದಕ್ಕೇ ಸುಮಾರು 12,000 ಕಲ್ಲುಗಳು ಒಂದಕ್ಕೊಂದು ಒರಗಿ ನಿಂತಿವೆ.

ಹೀಬ್ರೂ ಬರದಿದ್ರೂ ಕಲ್ಲು ಓದಬಹುದು. ಆಶೀರ್ವದಿಸೋ ಎರಡು ಕೈ ಇದ್ರೆ ಪುರೋಹಿತ ವಂಶದವರು, ಹೂಜಿ ಇದ್ರೆ ಪುರೋಹಿತರಿಗೆ ಸಹಾಯ ಮಾಡ್ತಿದ್ದ ಲೇವಿ ವಂಶ. ಹೆಸರಿಗೆ ತಕ್ಕ ಪ್ರಾಣಿಗಳೂ ಇವೆ, ರಬ್ಬಿ ಲೋವ್‌ಗೆ ಸಿಂಹ, ದಾವಿದ್ ಗಾನ್ಸ್‌ಗೆ ಹೆಬ್ಬಾತು. ಮೈಸೆಲ್ ಸಮಾಧಿನೂ ಇಲ್ಲೇ. ಹೂವು ಇಡಲ್ಲ, ಸಣ್ಣ ಕಲ್ಲು ಇಡ್ತಾರೆ, ಲೋವ್ ಸಮಾಧಿಯಲ್ಲಿ ಹರಕೆ ಚೀಟಿಗಳೂ ಇರ್ತವೆ, ಅವನ್ನ ಮುಟ್ಟಬೇಡಿ. ಹಾಕಿರೋ ಹಗ್ಗ ದಾಟಬೇಡಿ.

ಹೊರಗೆ ಬರೋ ದಾರಿಯಲ್ಲಿ ಕ್ಲಾವ್ಸ್ ಸಿನಗಾಗ್, ಅಂತ್ಯಕ್ರಿಯೆ ಮಂದಿರ. ಹೆಣ ತೊಳೆಯೋದು, ಹೂಳೋದು, ಬಡವರಿಗೆ ಔಷಧಿ ಕೊಡೋದು ಇದನ್ನೆಲ್ಲ ಸೇವೆ ಅಂತ ಮಾಡ್ತಿದ್ದ ಸಂಘ ಇಲ್ಲಿ 1564ರಲ್ಲೇ ಇತ್ತು. ಕಾಲಲ್ಲಿ ಶಕ್ತಿ ಇದ್ರೆ ನೋಡಿ.

ಇನ್ನೊಂದು ಅರ್ಧ ದಿನ ಇದ್ರೆ

ಮೆಟ್ರೋ ಎ ಲೈನ್‌ನಲ್ಲಿ ಝೆಲಿವ್‌ಸ್ಕೆಹೊ ಸ್ಟೇಷನ್‌ಗೆ ಹೋದ್ರೆ ಪಕ್ಕದಲ್ಲೇ ಹೊಸ ಯಹೂದಿ ಸ್ಮಶಾನ, 1924ರಲ್ಲಿ ತೀರ್ಕೊಂಡ ಕಾಫ್ಕಾ ಸಮಾಧಿ ಅಲ್ಲಿದೆ, ನಾಜಿಗಳು ಕೊಂದ ಅವರ ಮೂವರು ತಂಗಿಯರ ಹೆಸರಿನ ಫಲಕವೂ ಇದೆ. ಅದೂ ಶನಿವಾರ ಬಂದ್. ದಾರಿಯಲ್ಲಿ ಝಿಝ್‌ಕೊವ್‌ನ ಟಿವಿ ಟವರ್ ಬುಡದಲ್ಲಿ ಇನ್ನೊಂದು ಹಳೇ ಸ್ಮಶಾನದ ತುಂಡು ಉಳಿದಿದೆ. 2020ರಲ್ಲಿ ವೆನ್ಸೆಸ್ಲಾಸ್ ಚೌಕ ರಿಪೇರಿ ಮಾಡುವಾಗ ನೆಲಹಾಸಿನ ಕಲ್ಲು ಕಿತ್ತು ತಿರುಗಿಸಿದ್ರೆ ಹಿಂದೆ ಹೀಬ್ರೂ ಅಕ್ಷರ ಸಿಕ್ತು, ಕಮ್ಯುನಿಸ್ಟ್ ಕಾಲದಲ್ಲಿ ಸಮಾಧಿ ಕಲ್ಲುಗಳನ್ನೇ ಕತ್ತರಿಸಿ ಹಾಸಿದ್ರು. ಆ ತುಂಡುಗಳನ್ನ ಜೋಡಿಸಿ 2022ರಲ್ಲಿ ಝಿಝ್‌ಕೊವ್‌ನ ಆ ಸ್ಮಶಾನದಲ್ಲಿ ಸ್ಮಾರಕ ಮಾಡಿದ್ದಾರೆ. ತೆರೆಜಿನ್‌ಗೆ ಹೋಗೋ ಮನಸ್ಸಿದ್ರೆ ಪ್ರಾಗ್‌ನಿಂದ ಸುಮಾರು 60 ಕಿಲೋಮೀಟರ್, ಅದನ್ನ ಇದೇ ದಿನಕ್ಕೆ ತುರುಕಬೇಡಿ, ಬೇರೆ ಪೂರ್ತಿ ದಿನ ಇಟ್ಕೊಳ್ಳಿ.