ಕಾಳು ಹೆಚ್ಚು, ಹಿಟ್ಟು ಕಡಿಮೆ: ಮನೆಯಲ್ಲೇ ಸ್ವೀಟ್ ಕಾರ್ನ್ ಫ್ರಿಟರ್

ಸ್ವೀಟ್ ಕಾರ್ನ್ ಕಾಳುಗಳನ್ನು ಸ್ವಲ್ಪವೇ ಹಿಟ್ಟಿನಲ್ಲಿ ಕಲಸಿ, ಬಾಣಲೆಯ ಎಣ್ಣೆಯಲ್ಲಿ ಎರಡೂ ಬದಿ ಕೆಂಪಗೆ ಕರಿದ ಬಿಲ್ಲೆಯೇ ಕಾರ್ನ್ ಫ್ರಿಟರ್. ಮಾಡುವ ಕ್ರಮ ಸುಲಭವಾದರೂ ಹಲವರ ಕೈಯಲ್ಲಿ ಇದು ಕೆಡುವುದು ಒಂದೇ ಕಾರಣಕ್ಕೆ: ಕಾಳು ಬಿಡಿಬಿಡಿಯಾದೀತೆಂದು ಹೆದರಿ ಹಿಟ್ಟು ಸುರಿಯುತ್ತಾ ಹೋಗುತ್ತಾರೆ. ಹಾಗೆ ಮಾಡಿದರೆ ಕೊನೆಗೆ ಉಳಿಯುವುದು ನಡುನಡುವೆ ಜೋಳ ಸಿಗುವ ಹಿಟ್ಟಿನ ಮುದ್ದೆ. ಅಂಟಿಸುವ ಗುಣ ಜೋಳದಲ್ಲೇ ಇದೆ. ಅದನ್ನು ಹೊರಗೆ ತರುವುದಷ್ಟೇ ನಮ್ಮ ಕೆಲಸ.

ಮೊದಲು ತೆನೆಯ ಆಯ್ಕೆ. ಮುಸುಕನ್ನು ತುಸು ಬಿಡಿಸಿ, ಒಂದು ಕಾಳನ್ನು ಉಗುರಿನಿಂದ ಚುಚ್ಚಿ ನೋಡಿ. ಬಿಳಿಯ ಹಾಲು ಚಿಮ್ಮಿದರೆ ಹದವಾಗಿದೆ. ನೀರಿನಂಥ ರಸ ಬಂದರೆ ಇನ್ನೂ ಎಳೆಯದು, ಹಿಟ್ಟಿನಂತೆ ಗಟ್ಟಿಯಾಗಿದ್ದರೆ ಬಲಿತುಹೋಗಿದೆ ಎಂದು ತಿಳಿಯಬೇಕು. ಕಿತ್ತ ಮೇಲೆ ಕಾಳಿನ ಸಕ್ಕರೆ ಕಡಿಮೆಯಾಗುತ್ತಾ ಪಿಷ್ಟವಾಗುತ್ತದೆ, ಬೆಚ್ಚಗಿನ ಜಾಗದಲ್ಲಿ ಇದು ಇನ್ನೂ ಬೇಗ. ಆದ್ದರಿಂದ ತಂದ ದಿನವೇ ಬಳಸಿ, ಇಲ್ಲವೇ ಮುಸುಕಿನ ಸಮೇತ ಫ್ರಿಜ್‌ನಲ್ಲಿಡಿ. ಫ್ರೋಜನ್ ಕಾಳಾದರೆ ಮಂಜು ಪೂರ್ತಿ ಬಿಡಿಸಿ, ಬಟ್ಟೆಯ ಮೇಲೆ ಹರಡಿ ಒರೆಸಬೇಕು, ಏಕೆಂದರೆ ಅದು ನೀರು ಬಿಡುವುದು ಹೆಚ್ಚು.

ಸುಮಾರು 12 ಫ್ರಿಟರ್‌ಗಳಿಗೆ ಮಧ್ಯಮ ಗಾತ್ರದ 3 ತೆನೆ ಬೇಕು; ಅವುಗಳಿಂದ 2 ಕಪ್‌ನಷ್ಟು ಕಾಳು ಸಿಗುತ್ತದೆ. ಇದಕ್ಕೆ ಅರ್ಧ ಕಪ್ ಮೈದಾ, 2 ದೊಡ್ಡ ಚಮಚ ಕಾರ್ನ್ ಫ್ಲೋರ್, ಅರ್ಧ ಚಿಕ್ಕ ಚಮಚ ಬೇಕಿಂಗ್ ಪೌಡರ್, 1 ಮೊಟ್ಟೆ, ಬೇಕಾದರೆ ಮಾತ್ರ 2 ಚಮಚ ಹಾಲು, ಹೆಚ್ಚಿದ ಈರುಳ್ಳಿ ಸೊಪ್ಪು, ಕಾಳುಮೆಣಸಿನ ಪುಡಿ ಮತ್ತು ಉಪ್ಪು. ಮೊಟ್ಟೆ ತಿನ್ನದವರು ಅದರ ಬದಲು 3 ದೊಡ್ಡ ಚಮಚ ಕಡಲೆಹಿಟ್ಟನ್ನು ಅಷ್ಟೇ ನೀರಿನಲ್ಲಿ ಕದಡಿ ಸೇರಿಸಬಹುದು.

ತೆನೆಯನ್ನು ಅಗಲವಾದ ತಟ್ಟೆಯ ನಡುವೆ ನೆಟ್ಟಗೆ ನಿಲ್ಲಿಸಿ, ಕಾಳುಗಳನ್ನು ಬುಡದವರೆಗೆ ಕತ್ತರಿಸದೆ ಮೇಲಿನ ಮುಕ್ಕಾಲು ಭಾಗವನ್ನಷ್ಟೇ ಚಾಕುವಿನಿಂದ ಇಳಿಸಿ. ನಂತರ ಚಾಕುವನ್ನು ತಿರುಗಿಸಿ, ಅದರ ಬೆನ್ನಿನಿಂದ ದಿಂಡನ್ನು ಮೇಲಿನಿಂದ ಕೆಳಕ್ಕೆ ಒತ್ತಿ ಕೆರೆದರೆ ಗಟ್ಟಿ ಹಾಲು ತಟ್ಟೆಗೆ ಇಳಿಯುತ್ತದೆ. ಹಿಟ್ಟಿನ ಕೆಲಸವನ್ನು ಅರ್ಧ ಮಾಡಿಕೊಡುವುದು ಈ ಪಿಷ್ಟಭರಿತ ಹಾಲೇ. ಜೊತೆಗೆ ಕಾಳುಗಳಲ್ಲಿ ಅರ್ಧದಷ್ಟನ್ನು ತರಿತರಿಯಾಗಿ ಜಜ್ಜಿಕೊಳ್ಳಿ. ಇಡೀ ಕಾಳಿನ ಸಿಪ್ಪೆಯೊಳಗೆ ಆವಿ ಸಿಕ್ಕಿಕೊಂಡು, ಕಾದ ಎಣ್ಣೆಯಲ್ಲಿ ಅದು ಪಟ್ಟನೆ ಸಿಡಿಯುವುದುಂಟು. ಒಮ್ಮೆ ಜಜ್ಜುವ ಸೋಮಾರಿತನದಿಂದ ಹಾಗೆಯೇ ಹಾಕಿ, ಮೊಣಕೈವರೆಗೆ ಎಣ್ಣೆಯ ಚುಕ್ಕೆಗಳನ್ನು ಹಾಕಿಸಿಕೊಂಡ ಮೇಲೆ ಈ ಹಂತವನ್ನು ನಾನು ಬಿಟ್ಟದ್ದಿಲ್ಲ.

ಒಣ ಪದಾರ್ಥಗಳನ್ನು ಬೆರೆಸಿ, ಮೊಟ್ಟೆ ಮತ್ತು ಜೋಳ ಸೇರಿಸಿ, ಬಿಳಿ ಹಿಟ್ಟು ಕಾಣದಷ್ಟಾದ ಕೂಡಲೇ ಕಲಸುವುದನ್ನು ನಿಲ್ಲಿಸಿ. ಹೆಚ್ಚು ಕಲಸಿದರೆ ಮೈದಾ ಜಿಗುಟಾಗಿ ಫ್ರಿಟರ್ ರಬ್ಬರಿನಂತಾಗುತ್ತದೆ. ಚಮಚದಲ್ಲಿ ಎತ್ತಿ ಓರೆ ಮಾಡಿದಾಗ ಮಿಶ್ರಣ ಹರಿಯದೆ, ಗುಪ್ಪೆಯಾಗಿ ನಿಧಾನವಾಗಿ ಜಾರಬೇಕು. ಉಪ್ಪು ಜೋಳದಿಂದ ನೀರೆಳೆಯುವುದರಿಂದ ಅದನ್ನು ಕರಿಯುವ ಮುನ್ನವಷ್ಟೇ ಹಾಕಿ. ಮಿಶ್ರಣ ಆಮೇಲೂ ತೆಳುವಾದರೆ ಒಂದು ಚಮಚ ಹಿಟ್ಟು ಸಾಕು, ಎರಡನೆಯದಕ್ಕೆ ಕೈ ಹಾಕಬೇಡಿ.

ದಪ್ಪ ತಳದ ಬಾಣಲೆಯಲ್ಲಿ 1 ಸೆಂಟಿಮೀಟರ್ ಎತ್ತರಕ್ಕೆ ಎಣ್ಣೆ ಹಾಕಿ, ಮಧ್ಯಮ ಉರಿಯಲ್ಲಿ 175 ಡಿಗ್ರಿ ಸೆಲ್ಸಿಯಸ್‌ನಷ್ಟು ಕಾಯಿಸಿ. ಥರ್ಮಾಮೀಟರ್ ಇಲ್ಲದಿದ್ದರೆ ಒಣಗಿದ ಮರದ ಸೌಟಿನ ಹಿಡಿಯನ್ನು ಅದ್ದಿ ನೋಡಿ. ಸುತ್ತ ಸಣ್ಣ ಗುಳ್ಳೆಗಳು ಬಿಡದೆ ಏಳುತ್ತಿದ್ದರೆ ಕಾವು ಸರಿಯಾಗಿದೆ. ಒಂದೊಂದು ದೊಡ್ಡ ಚಮಚ ಮಿಶ್ರಣವನ್ನು ಎಣ್ಣೆಯ ಹತ್ತಿರದಿಂದಲೇ ಮೆಲ್ಲನೆ ಬಿಟ್ಟು, ತುಸು ಚಪ್ಪಟೆ ಮಾಡಿ. ಒಂದು ಸಲಕ್ಕೆ ನಾಲ್ಕು ಸಾಕು, ಹೆಚ್ಚು ಹಾಕಿದರೆ ಎಣ್ಣೆ ತಣ್ಣಗಾಗಿ ಹಿಟ್ಟು ಅದನ್ನು ಕುಡಿಯುತ್ತದೆ. ಅಂಚು ಕೆಂಪಾಗಿ, ತಾನಾಗಿಯೇ ತಳ ಬಿಡುವವರೆಗೆ ಮುಟ್ಟಬಾರದು. ಸುಮಾರು 3 ನಿಮಿಷಕ್ಕೆ ಮಗುಚಿ, ಇನ್ನೊಂದು ಬದಿಗೆ 2 ನಿಮಿಷ ಕೊಡಿ. ಎಣ್ಣೆಗೆ ಬೆಂಕಿ ಹತ್ತಿದರೆ ನೀರು ಹಾಕುವಂತಿಲ್ಲ, ಒಲೆ ಆರಿಸಿ ಬಾಣಲೆಗೆ ಮುಚ್ಚಳ ಮುಚ್ಚಬೇಕು.

ತೆಗೆದ ಫ್ರಿಟರ್‌ಗಳನ್ನು ಕಾಗದದ ಮೇಲೆ ಗುಡ್ಡೆ ಹಾಕಿದರೆ ಅಡಿಯಲ್ಲಿ ಆವಿ ನಿಂತು ಮೆತ್ತಗಾಗುತ್ತವೆ. ತಂತಿಯ ಜಾಲರಿಯ ಮೇಲೆ ಒಂದೊಂದಾಗಿ ಬಿಡಿಸಿಡಿ. ಉಳಿದವನ್ನು ಮರುದಿನ ಬಿಸಿ ಮಾಡಲು ಮೈಕ್ರೊವೇವ್ ಬೇಡ. ಎಣ್ಣೆ ಹಾಕದ ಕಾವಲಿಯ ಮೇಲೆ ಸಣ್ಣ ಉರಿಯಲ್ಲಿ ಎರಡೂ ಬದಿ ಕಾಯಿಸಿದರೆ ಅಂಚು ಮತ್ತೆ ಗರಿಗರಿಯಾಗುತ್ತದೆ.